ಲೇಸರ್ ಆದ ಮೇಲಿನ ಕಣ್ಣು: ಕಾಣಿಸಿದ ಮಾತ್ರಕ್ಕೆ ಗಾಯ ಮಾಗಿಲ್ಲ

ಕನ್ನಡಕ ಬಿಡಿಸುವ ಲ್ಯಾಸಿಕ್ ಲೇಸರ್ ಚಿಕಿತ್ಸೆ ಮಾಡಿಸಿಕೊಂಡ ಮರುದಿನ ಬೆಳಿಗ್ಗೆ ಗೋಡೆಯ ಕ್ಯಾಲೆಂಡರಿನಲ್ಲಿರುವ ಸಣ್ಣ ಅಕ್ಷರಗಳೂ ಕನ್ನಡಕವಿಲ್ಲದೆ ಕಾಣುತ್ತವೆ. ಎರಡು ಮೂರು ದಿನದಲ್ಲಿ ಹಲವರು ಕೆಲಸಕ್ಕೂ ಹೊರಡುತ್ತಾರೆ. ಎರಡನೆಯ ವಾರವೋ ಮೂರನೆಯ ವಾರವೋ ತೊಂದರೆ ಶುರುವಾಗುತ್ತದೆ. ಸಂಜೆಯ ಹೊತ್ತಿಗೆ ಕಂಪ್ಯೂಟರ್ ಪರದೆ ಮಂಜುಮಂಜು, ರೆಪ್ಪೆಯೊಳಗೆ ಮರಳು ಬಿದ್ದಂತೆ ಚುಚ್ಚು, ರಾತ್ರಿ ಎದುರಿನಿಂದ ಬರುವ ಗಾಡಿಯ ದೀಪದ ಸುತ್ತ ಬೆಳಕಿನ ಬಳೆ. ಒಂದು ಕಣ್ಣು ಚೆನ್ನಾಗಿದೆ, ಇನ್ನೊಂದು ಯಾಕೋ ಮಸುಕು. ‘ಆಪರೇಷನ್ ಕೆಟ್ಟಿತೇ? ನಂಬರ್ ಮತ್ತೆ ಬಂತೇ?’ ಎಂಬ ಭಯದಲ್ಲಿ ನಿದ್ದೆ ಹಾರಿಹೋಗುತ್ತದೆ.

ಇನ್ನು ಕೆಲವರು ಇದಕ್ಕೆ ತದ್ವಿರುದ್ಧ. ಎಲ್ಲ ಸ್ಪಷ್ಟವಾಗಿ ಕಾಣುತ್ತಿದೆಯಲ್ಲ ಎಂದು ಐದನೆಯ ದಿನಕ್ಕೇ ಡ್ರಾಪ್ಸ್ ನಿಲ್ಲಿಸುತ್ತಾರೆ, ತುರಿಸಿದಾಗ ಕಣ್ಣು ಉಜ್ಜಿಕೊಳ್ಳುತ್ತಾರೆ, ವಾರಾಂತ್ಯಕ್ಕೆ ಈಜಲು ಇಳಿಯುತ್ತಾರೆ.

ಈ ಭಯಕ್ಕೂ ಈ ಧೈರ್ಯಕ್ಕೂ ಕಾರಣ ಒಂದೇ: ನೋಟ ಮರಳುವುದನ್ನೇ ಗಾಯ ಮಾಗುವುದೆಂದು ತಿಳಿದಿರುವುದು. ನೋಟ ಒಂದೆರಡು ದಿನದಲ್ಲಿ ಬರುತ್ತದೆ. ಗಾಯ ಮಾಗಲು ವಾರಗಳು ಬೇಕು, ಕತ್ತರಿಸಿಹೋದ ನರಗಳು ಚಿಗುರಲು ತಿಂಗಳುಗಳೇ ಬೇಕು. ಆರೈಕೆಯನ್ನು ಈ ನಿಧಾನದ ಲೆಕ್ಕಕ್ಕೆ ಹೊಂದಿಸಿಕೊಂಡವರ ಕಣ್ಣು ಸಾಮಾನ್ಯವಾಗಿ ನೆಮ್ಮದಿಯಾಗಿರುತ್ತದೆ.

ಮೊದಲಿಗೇ ಒಂದು ಮಾತು. ಇಲ್ಲಿರುವುದು ಸಾಮಾನ್ಯ ತಿಳಿವಳಿಕೆ. ನಿಮ್ಮ ಕಣ್ಣನ್ನು ನೋಡಿದ ವೈದ್ಯರು ಕೊಟ್ಟ ಚೀಟಿಯಲ್ಲಿ ಬೇರೆ ಅವಧಿ, ಬೇರೆ ಔಷಧಿ ಬರೆದಿದ್ದರೆ ಆ ಚೀಟಿಯನ್ನೇ ಅನುಸರಿಸಿ.

ಕಣ್ಣಿನೊಳಗೆ ನಡೆದದ್ದೇನು?

ಲ್ಯಾಸಿಕ್‌ನಂಥ ಚಿಕಿತ್ಸೆಗಳಲ್ಲಿ ಬಳಸುವ ಎಕ್ಸೈಮರ್ ಲೇಸರ್ ಅಕ್ಕಪಕ್ಕದ ಭಾಗವನ್ನು ಸುಡದೆ ಜೀವಕೋಶದ ಪದರವನ್ನು ನವಿರಾಗಿ ತೆಗೆಯಬಲ್ಲದು ಎಂಬುದನ್ನು 1981ರಲ್ಲಿ ಕಂಡುಕೊಂಡವರು ಅಮೆರಿಕದ ಐಬಿಎಂ ಪ್ರಯೋಗಾಲಯದ ಮೂವರು ವಿಜ್ಞಾನಿಗಳು. ಅವರಲ್ಲಿ ಒಬ್ಬರು ಮದ್ರಾಸ್ ವಿಶ್ವವಿದ್ಯಾಲಯದಲ್ಲಿ ಓದಿದ ರಂಗಸ್ವಾಮಿ ಶ್ರೀನಿವಾಸನ್. ಅವರು ಮೊದಲು ಪ್ರಯೋಗ ಮಾಡಿದ್ದು ಹಬ್ಬದೂಟದಲ್ಲಿ ಉಳಿದ ಟರ್ಕಿ ಕೋಳಿಯ ಮೇಲೆ. ಮುಂದಿನ ಹತ್ತು ವರ್ಷಗಳಲ್ಲಿ ಅದು ಕಣ್ಣಿನ ಚಿಕಿತ್ಸೆಗೆ ಬಂತು.

ಲೇಸರ್ ಕೆಲಸ ಮಾಡುವುದು ಕಾರ್ನಿಯಾದ ಮೇಲೆ. ಕರಿಗುಡ್ಡೆಯ ಮುಂದೆ ಗಾಜಿನಂತೆ ಕೂತಿರುವ ಪಾರದರ್ಶಕ ಪೊರೆ ಇದು. ನಡುವಿನಲ್ಲಿ ಇದರ ದಪ್ಪ ಸುಮಾರು ಅರ್ಧ ಮಿಲಿಮೀಟರ್. ಪಾರದರ್ಶಕವಾಗಿರಬೇಕಾದ್ದರಿಂದ ಇದರಲ್ಲಿ ರಕ್ತನಾಳಗಳಿಲ್ಲ, ಹಾಗಾಗಿ ಇಲ್ಲಿನ ಆಳದ ಗಾಯ ಚರ್ಮದ ಗಾಯದಷ್ಟು ಗಟ್ಟಿಯಾಗಿ ಕೂಡಿಕೊಳ್ಳುವುದಿಲ್ಲ. ಆದರೆ ನರಗಳು ಮಾತ್ರ ವಿಪರೀತ. ದೇಹದಲ್ಲೇ ಅತಿ ಹೆಚ್ಚು ನರತಂತುಗಳು ಒತ್ತೊತ್ತಾಗಿರುವ ಜಾಗಗಳಲ್ಲಿ ಇದೂ ಒಂದು.

ಶಸ್ತ್ರಚಿಕಿತ್ಸೆಯಲ್ಲಿ ಮುಖ್ಯವಾಗಿ ಮೂರು ಬಗೆ. ನಿಮ್ಮದು ಯಾವುದು ಎಂಬುದನ್ನು ಕೇಳಿ ಬರೆದಿಟ್ಟುಕೊಳ್ಳಿ, ಯಾಕೆಂದರೆ ಆರೈಕೆ ಅದಕ್ಕೆ ತಕ್ಕಂತೆ ಬದಲಾಗುತ್ತದೆ.

ಲ್ಯಾಸಿಕ್‌ನಲ್ಲಿ ಕಾರ್ನಿಯಾದ ಮೇಲ್ಭಾಗದಲ್ಲಿ 100ರಿಂದ 120 ಮೈಕ್ರಾನ್ ದಪ್ಪದ ಒಂದು ತೆಳುಪದರವನ್ನು ಬಿಡಿಸಿ, ಒಂದು ಅಂಚು ಅಂಟಿಕೊಂಡಿರುವಂತೆಯೇ ಪುಸ್ತಕದ ಹಾಳೆ ಮಗುಚಿದ ಹಾಗೆ ಮಗುಚುತ್ತಾರೆ. ಇದಕ್ಕೆ ಫ್ಲ್ಯಾಪ್ ಎನ್ನುತ್ತಾರೆ. ಅದರ ಕೆಳಗೆ ಲೇಸರ್ ಹಾಯಿಸಿ, ಫ್ಲ್ಯಾಪನ್ನು ಮತ್ತೆ ಮುಚ್ಚುತ್ತಾರೆ. ಹೊಲಿಗೆ ಇರುವುದಿಲ್ಲ. ಹಾಗಾದರೆ ಅದು ನಿಲ್ಲುವುದು ಹೇಗೆ? ಕಾರ್ನಿಯಾದ ಒಳಗೋಡೆಯ ಜೀವಕೋಶಗಳು ನೀರನ್ನು ಸದಾ ಹೊರಹಾಕುತ್ತಲೇ ಇರುತ್ತವೆ. ಆ ಎಳೆತದಿಂದ ಫ್ಲ್ಯಾಪ್ ಕೂತುಕೊಳ್ಳುತ್ತದೆ, ಒಂದು ದಿನದೊಳಗೆ ಮೇಲ್ಮೈಯ ಜೀವಕೋಶಗಳು ಬೆಳೆದು ಅಂಚನ್ನು ಮುಚ್ಚುತ್ತವೆ. ಆದರೆ ಅಂಚು ಮುಚ್ಚಿದ ಮಾತ್ರಕ್ಕೆ ಒಳಗೆ ಬೆಸುಗೆಯಾಗಿದೆ ಎಂದಲ್ಲ. ಒಳಪದರಗಳ ಹಿಡಿತ ತಿಂಗಳುಗಟ್ಟಲೆ ದುರ್ಬಲ, ಹುಟ್ಟಿನಿಂದ ಇದ್ದ ಗಟ್ಟಿತನ ಪೂರ್ತಿ ಮರಳುವುದೇ ಇಲ್ಲ. ವರ್ಷಗಳ ನಂತರ ಬಿದ್ದ ಪೆಟ್ಟಿನಿಂದಲೂ ಫ್ಲ್ಯಾಪ್ ಜರುಗಿದ ಪ್ರಕರಣಗಳು ವೈದ್ಯಕೀಯ ಸಾಹಿತ್ಯದಲ್ಲಿವೆ. ‘ಕಣ್ಣು ಉಜ್ಜಬೇಡಿ’ ಎಂದು ವೈದ್ಯರು ಮತ್ತೆ ಮತ್ತೆ ಹೇಳುವುದು ಇದಕ್ಕೇ.

ಪಿಆರ್‌ಕೆಯಲ್ಲಿ ಫ್ಲ್ಯಾಪ್ ಇಲ್ಲ. ಮೇಲ್ಮೈಯ ಜೀವಕೋಶಗಳನ್ನು ತೆಗೆದು ನೇರವಾಗಿ ಲೇಸರ್ ಹಾಯಿಸುತ್ತಾರೆ, ಮೇಲೆ ಬ್ಯಾಂಡೇಜಿನಂತೆ ಒಂದು ಕಾಂಟ್ಯಾಕ್ಟ್ ಲೆನ್ಸ್ ಇಡುತ್ತಾರೆ. ಮೇಲ್ಪದರ ಮರಳಿ ಬೆಳೆಯಲು ಮೂರರಿಂದ ಐದು ದಿನ ಬೇಕು, ಅಷ್ಟು ದಿನ ನೋವು, ನೀರು, ಬೆಳಕು ಸಹಿಸಲಾಗದ ಸ್ಥಿತಿ ಸಹಜ. ನೋಟ ತಿಳಿಯಾಗಲು ವಾರಗಳು, ಕೆಲವೊಮ್ಮೆ ತಿಂಗಳುಗಳು. ನಿಮ್ಮ ಜೊತೆ ಲ್ಯಾಸಿಕ್ ಮಾಡಿಸಿಕೊಂಡ ಗೆಳತಿ ಮರುದಿನವೇ ಓದುತ್ತಿದ್ದಾಳೆಂದು ನೀವು ಹೆದರಬೇಕಾಗಿಲ್ಲ. ಫ್ಲ್ಯಾಪ್ ಇಲ್ಲದ್ದರಿಂದ ಮುಂದೆ ಪೆಟ್ಟಿನ ಭಯ ನಿಮಗೇ ಕಡಿಮೆ.

ಸ್ಮೈಲ್ ವಿಧಾನದಲ್ಲಿ 2ರಿಂದ 4 ಮಿಲಿಮೀಟರಿನ ಸಣ್ಣ ಸೀಳಿನಿಂದ ಕಾರ್ನಿಯಾದ ಒಳಗಿನ ಒಂದು ತೆಳುಬಿಲ್ಲೆಯನ್ನು ಹೊರತೆಗೆಯುತ್ತಾರೆ. ಕಡಿದುಹೋಗುವ ನರಗಳು ಕಡಿಮೆ. ಸ್ವಚ್ಛತೆಯ ನಿಯಮಗಳು ಮಾತ್ರ ಅವೇ.

ಮೊದಲ ದಿನ

ಮನೆಗೆ ಕರೆದುಕೊಂಡು ಹೋಗಲು ಯಾರಾದರೂ ಜೊತೆಗಿರಲಿ. ಬಂದ ಕೂಡಲೇ ಕಣ್ಣುಮುಚ್ಚಿ ಮಲಗಿ. ಲ್ಯಾಸಿಕ್ ಆದವರಿಗೆ ಮೊದಲ ನಾಲ್ಕರಿಂದ ಆರು ಗಂಟೆ ಉರಿ, ನೀರು, ಚುಚ್ಚು ಇರುತ್ತದೆ. ನಿದ್ದೆಯೇ ಇದಕ್ಕೆ ಒಳ್ಳೆಯ ಮದ್ದು, ಏಕೆಂದರೆ ಮುಚ್ಚಿದ ರೆಪ್ಪೆಯ ಅಡಿ ಗಾಯದ ಅಂಚು ಬೇಗ ಕೂಡುತ್ತದೆ. ವೈದ್ಯರು ಕೊಟ್ಟ ನೋವಿನ ಮಾತ್ರೆ ನುಂಗಿ. ಫೋನ್, ಟಿವಿ ಆ ದಿನ ಬೇಡ. ಮಲಗುವಾಗ ಪಾರದರ್ಶಕ ಕಣ್ಗಾಪನ್ನು ಟೇಪಿನಿಂದ ಅಂಟಿಸಿಕೊಳ್ಳಿ. ನಿದ್ದೆಗಣ್ಣಿನಲ್ಲಿ ಕೈ ತಾನಾಗಿಯೇ ಕಣ್ಣಿಗೆ ಹೋಗುವುದನ್ನು ತಡೆಯಲು ಇದೊಂದೇ ದಾರಿ. ಸಾಮಾನ್ಯವಾಗಿ ಒಂದು ವಾರ ರಾತ್ರಿ ಹಾಕಿಕೊಳ್ಳಲು ಹೇಳುತ್ತಾರೆ. ಬೋರಲು ಮಲಗುವ ಅಭ್ಯಾಸವಿದ್ದವರು ಈ ವಾರದ ಮಟ್ಟಿಗೆ ಬದಲಿಸಿಕೊಳ್ಳಬೇಕು.

ಮರುದಿನದ ತಪಾಸಣೆಯನ್ನು ತಪ್ಪಿಸಲೇಬೇಡಿ. ಫ್ಲ್ಯಾಪಿನಲ್ಲಿ ಸಣ್ಣ ನಿರಿಗೆ ಬಿದ್ದಿದ್ದರೆ ಮೊದಲ ದಿನವೇ ಅದನ್ನು ಸರಿಪಡಿಸುವುದು ಸುಲಭ, ವಾರ ಕಳೆದರೆ ಕಷ್ಟ. ಫ್ಲ್ಯಾಪಿನಡಿ ಸೋಂಕಿಲ್ಲದ ಉರಿಯೂತ ಕಾಣಿಸಿಕೊಳ್ಳುವುದೂ ಮೊದಲ ಕೆಲವು ದಿನಗಳಲ್ಲೇ. ಇವೆರಡೂ ಕನ್ನಡಿಯಲ್ಲಿ ನೋಡಿಕೊಂಡರೆ ನಿಮಗೆ ಗೊತ್ತಾಗುವುದಿಲ್ಲ.

ಡ್ರಾಪ್ಸ್: ಯಾವುದು ಯಾಕೆ

ಮನೆಗೆ ತರುವ ಚೀಲದಲ್ಲಿ ಸಾಮಾನ್ಯವಾಗಿ ಮೂರು ಬಾಟಲಿಗಳಿರುತ್ತವೆ. ಮೂರಕ್ಕೂ ಮೂರು ಬೇರೆ ಕೆಲಸ.

ಮೊದಲನೆಯದು ಆ್ಯಂಟಿಬಯಾಟಿಕ್, ಹೆಚ್ಚಾಗಿ ಮೊಕ್ಸಿಫ್ಲಾಕ್ಸಸಿನ್. ಗಾಯ ಮುಚ್ಚುವವರೆಗೆ ಬ್ಯಾಕ್ಟೀರಿಯಾ ಹೋಗದಂತೆ ತಡೆಯಲು, ಸುಮಾರು ಒಂದು ವಾರ. ಎರಡನೆಯದು ಸ್ಟೀರಾಯ್ಡ್. ಪ್ರೆಡ್ನಿಸೋಲೋನ್, ಲೋಟೆಪ್ರೆಡ್ನಾಲ್ ಇತ್ಯಾದಿ ಹೆಸರಿನಲ್ಲಿ ಬರುತ್ತದೆ. ಉರಿಯೂತ ತಗ್ಗಿಸುವುದು, ಪಿಆರ್‌ಕೆ ಆದವರಲ್ಲಿ ಮಬ್ಬು ಕಲೆ ಮೂಡದಂತೆ ನೋಡಿಕೊಳ್ಳುವುದು ಇದರ ಕೆಲಸ. ಇದನ್ನು ದಿನಕ್ಕೆ ನಾಲ್ಕು, ಮೂರು, ಎರಡು ಎಂದು ಹಂತಹಂತವಾಗಿ ಇಳಿಸುತ್ತಾರೆ. ಮೂರನೆಯದು ಕೃತಕ ಕಣ್ಣೀರು: ಕಾರ್ಬಾಕ್ಸಿಮೀಥೈಲ್ ಸೆಲ್ಯುಲೋಸ್ ಅಥವಾ ಸೋಡಿಯಂ ಹೈಯಲುರೊನೇಟ್. ಇದು ತಿಂಗಳುಗಟ್ಟಲೆ ಬೇಕಾಗುವಂಥದ್ದು.

ಸ್ಟೀರಾಯ್ಡ್ ಬಗ್ಗೆ ಒತ್ತಿ ಹೇಳಬೇಕು. ಇದನ್ನು ಬೇಗ ನಿಲ್ಲಿಸಿದರೆ ಉರಿಯೂತ ಮರುಕಳಿಸಬಹುದು, ಹೇಳಿದ್ದಕ್ಕಿಂತ ಹೆಚ್ಚು ದಿನ ಹಾಕಿಕೊಂಡರೆ ಕಣ್ಣಿನ ಒತ್ತಡ ಏರಬಹುದು. ಒತ್ತಡ ಏರಿದರೆ ನೋವಿರುವುದಿಲ್ಲ, ಒಳಗೊಳಗೇ ದೃಷ್ಟಿನರ ಸವೆಯುತ್ತದೆ. ಕಣ್ಣು ಕೆಂಪಾದಾಗಲೆಲ್ಲ ಹಳೆಯ ಬಾಟಲಿ ತೆಗೆದು ಹಾಕಿಕೊಳ್ಳುವುದು, ಮೆಡಿಕಲ್ ಶಾಪಿನಲ್ಲಿ ‘ಅದೇ ಡ್ರಾಪ್ಸ್ ಇನ್ನೊಂದು ಕೊಡಿ’ ಎನ್ನುವುದು ನಮ್ಮಲ್ಲಿ ತೀರಾ ಸಾಮಾನ್ಯ. ದಯವಿಟ್ಟು ಇದೊಂದನ್ನು ಮಾಡಬೇಡಿ. ಕೋರ್ಸ್ ಮುಗಿದ ದಿನವೇ ಉಳಿದ ಬಾಟಲಿಯನ್ನು ಎಸೆದುಬಿಡಿ.

ಹಾಕಿಕೊಳ್ಳುವ ಕ್ರಮ:

1. ಸೋಪಿನಿಂದ ಕೈ ತೊಳೆದು, ಒಣಬಟ್ಟೆಯಲ್ಲಿ ಒರೆಸಿಕೊಳ್ಳಿ. ಬಾಟಲಿಯ ಮೇಲೆ ಅಲುಗಾಡಿಸಿ ಎಂದಿದ್ದರೆ ಚೆನ್ನಾಗಿ ಅಲುಗಾಡಿಸಿ. ಕೆಲವು ಸ್ಟೀರಾಯ್ಡ್‌ಗಳು ತಳದಲ್ಲಿ ಗಸಿಯಾಗಿ ಕೂತಿರುತ್ತವೆ, ಹಾಗೇ ಹಾಕಿದರೆ ಬರೀ ತಿಳಿನೀರು ಬೀಳುತ್ತದೆ.

2. ತಲೆ ಹಿಂದಕ್ಕೆ ವಾಲಿಸಿ, ಮೇಲೆ ನೋಡುತ್ತ, ಕೆನ್ನೆಯ ಮೂಳೆಯ ಮೇಲೆ ಬೆರಳಿಟ್ಟು ಕೆಳರೆಪ್ಪೆಯನ್ನು ಮೆಲ್ಲಗೆ ಕೆಳಕ್ಕೆ ಎಳೆಯಿರಿ. ಮೇಲಿನ ರೆಪ್ಪೆ ಮುಟ್ಟಬೇಡಿ, ಕಣ್ಣುಗುಡ್ಡೆಯ ಮೇಲೆ ಒತ್ತಡ ಬೀಳಬಾರದು.

3. ಕೆಳರೆಪ್ಪೆಯ ಬೊಗಸೆಯಲ್ಲಿ ಒಂದೇ ಹನಿ. ಬಾಟಲಿಯಿಂದ ಬೀಳುವ ಒಂದು ಹನಿಯೇ ಕಣ್ಣು ಹಿಡಿದಿಟ್ಟುಕೊಳ್ಳುವುದಕ್ಕಿಂತ ಹೆಚ್ಚಿರುತ್ತದೆ. ಎರಡನೆಯ ಹನಿ ಕೆನ್ನೆಗೆ ಹರಿಯುತ್ತದೆ ಅಷ್ಟೆ.

4. ಬಾಟಲಿಯ ತುದಿ ರೆಪ್ಪೆಗೂ ಎವೆಗೂ ತಾಗಬಾರದು.

5. ಮೆಲ್ಲಗೆ ಕಣ್ಣು ಮುಚ್ಚಿ, ಒಂದೆರಡು ನಿಮಿಷ ಹಾಗೇ ಇರಿ. ಬಿಗಿಯಾಗಿ ಹಿಂಡಿ ಮುಚ್ಚಬೇಡಿ. ಹರಿದುಬಂದದ್ದನ್ನು ಕೆನ್ನೆಯ ಮೇಲೆ ಒತ್ತಿಕೊಳ್ಳಿ, ಕಣ್ಣನ್ನು ಒರೆಸಬೇಡಿ.

6. ಇನ್ನೊಂದು ಡ್ರಾಪ್ಸ್‌ಗೆ ಕನಿಷ್ಠ ಐದು ನಿಮಿಷ ಬಿಡುವು. ಒಂದರ ಬೆನ್ನಿಗೆ ಇನ್ನೊಂದು ಹಾಕಿದರೆ ಮೊದಲನೆಯದನ್ನು ಎರಡನೆಯದು ತೊಳೆದುಬಿಡುತ್ತದೆ.

ಕೈ ನಡುಗುವವರು, ಗುರಿ ತಪ್ಪುವವರು ಮಲಗಿಕೊಂಡು ಮನೆಯವರ ಕೈಯಲ್ಲಿ ಹಾಕಿಸಿಕೊಳ್ಳುವುದು ಒಳ್ಳೆಯದು. ಹಾಕುವವರೂ ಕೈ ತೊಳೆದಿರಲಿ.

ಮೊದಲ ತಿಂಗಳು, ಮನೆಯಲ್ಲಿ ಮತ್ತು ಹೊರಗೆ

ನಲ್ಲಿಯ ನೀರು ಕುಡಿಯಲು ಶುದ್ಧವಾಗಿದ್ದರೂ ಹಸಿಗಾಯದ ಕಣ್ಣಿಗೆ ಶುದ್ಧವಲ್ಲ. ಅಕಾಂತಮೀಬಾ ಎಂಬ ಸೂಕ್ಷ್ಮಜೀವಿ ನಲ್ಲಿ, ಕೆರೆ, ಬಾವಿ, ಈಜುಕೊಳ ಎಲ್ಲೆಡೆ ಇರಬಹುದು, ಅದು ಕಾರ್ನಿಯಾಕ್ಕೆ ಅಂಟಿದರೆ ಚಿಕಿತ್ಸೆ ತಿಂಗಳುಗಟ್ಟಲೆ ಎಳೆಯುತ್ತದೆ. ಹೀಗಾಗಿ ಮೊದಲ ವಾರ ಕತ್ತಿನಿಂದ ಕೆಳಕ್ಕೆ ಸ್ನಾನ ಮಾಡಿ, ಮುಖವನ್ನು ಒದ್ದೆಬಟ್ಟೆಯಿಂದ ಒರೆಸಿಕೊಳ್ಳಿ. ತಲೆಸ್ನಾನ ಬೇಕೇಬೇಕೆಂದರೆ ಕುರ್ಚಿಯಲ್ಲಿ ಕೂತು ತಲೆ ಹಿಂದಕ್ಕೆ ವಾಲಿಸಿ ಇನ್ನೊಬ್ಬರಿಂದ ಹಾಕಿಸಿಕೊಳ್ಳಿ. ಹರಳೆಣ್ಣೆ ಹಚ್ಚಿ ಸೀಗೆಪುಡಿಯಲ್ಲಿ ಮೀಯುವ ಅಭ್ಯಂಜನಕ್ಕೆ ಒಂದು ತಿಂಗಳು ರಜೆ. ಸೀಗೆಪುಡಿ ಕಣ್ಣಿಗೆ ಬಿದ್ದಾಗ ಕೈ ಎಲ್ಲಿಗೆ ಹೋಗುತ್ತದೆಂದು ನಮಗೆಲ್ಲ ಗೊತ್ತು. ದೀಪಾವಳಿಯ ಆಸುಪಾಸಿನಲ್ಲಿ ಆಪರೇಷನ್ ದಿನ ಗೊತ್ತುಮಾಡುವವರು ಎಣ್ಣೆಸ್ನಾನ ಮತ್ತು ಪಟಾಕಿ ಎರಡನ್ನೂ ನೆನಪಿನಲ್ಲಿಟ್ಟುಕೊಂಡು ಹಬ್ಬ ಕಳೆದ ಮೇಲಿನ ದಿನ ಕೇಳಿ. ಹೋಳಿಗೂ ಇದೇ ಮಾತು.

ಅಡುಗೆಮನೆಗೆ ಎರಡು ಮೂರು ದಿನ ಬಿಟ್ಟು ಹೋಗಬಹುದು. ಒಗ್ಗರಣೆಯ ಘಾಟು, ಮೆಣಸಿನಕಾಯಿ ಹುರಿಯುವ ಹೊಗೆ, ಸೌದೆ ಒಲೆ ಒಂದು ವಾರವಾದರೂ ಬೇಡ. ಹಸಿಮೆಣಸಿನಕಾಯಿ ಹೆಚ್ಚಿದ ಕೈ ಎಷ್ಟು ತೊಳೆದರೂ ಖಾರ ಉಳಿಯುತ್ತದೆ, ಡ್ರಾಪ್ಸ್ ಹಾಕಿಕೊಳ್ಳುವಷ್ಟು ದಿನ ಆ ಕೆಲಸ ಬೇರೆಯವರದಾಗಲಿ.

ಕಾಡಿಗೆ, ಐಲೈನರ್, ಮಸ್ಕಾರ ಎರಡು ವಾರ ಬೇಡ. ಮತ್ತೆ ಶುರು ಮಾಡುವಾಗ ಹಳೆಯ ಡಬ್ಬಿ ಬಿಟ್ಟು ಹೊಸದನ್ನು ತೆಗೆದುಕೊಳ್ಳಿ. ಹಳೆಯದರಲ್ಲಿ ಬೆಳೆದಿರುವ ಸೂಕ್ಷ್ಮಜೀವಿಗಳು ನಿಮ್ಮ ಆರೋಗ್ಯವಂತ ಕಣ್ಣಿಗೆ ಏನೂ ಮಾಡದಿರಬಹುದು, ಮಾಗುತ್ತಿರುವ ಕಣ್ಣಿಗೆ ಮಾಡಬಲ್ಲವು.

ಹೊರಗೆ ಹೋಗುವಾಗ ಅಕ್ಕಪಕ್ಕವೂ ಮುಚ್ಚುವ ತಂಪು ಕನ್ನಡಕ ಹಾಕಿಕೊಳ್ಳಿ. ಪಿಆರ್‌ಕೆ ಆದವರಿಗೆ ಇದು ಧೂಳಿನ ಸಲುವಾಗಿ ಮಾತ್ರವಲ್ಲ. ಬಿಸಿಲಿನ ನೇರಳಾತೀತ ಕಿರಣ ಹೆಚ್ಚು ಬಿದ್ದರೆ ಮಾಗುವ ಕಾರ್ನಿಯಾದಲ್ಲಿ ಮಬ್ಬು ಮೂಡುವ ಸಂಭವವಿದೆ, ಆದ್ದರಿಂದ ಕೆಲವು ತಿಂಗಳು ಬಿಡದೆ ಹಾಕಿಕೊಳ್ಳಬೇಕು. ಕಲಬುರಗಿ, ರಾಯಚೂರಿನ ಬೇಸಿಗೆಯಲ್ಲಿ ಓಡಾಡುವವರು ಇದನ್ನು ಗಂಭೀರವಾಗಿ ತೆಗೆದುಕೊಳ್ಳಿ. ಕನ್ನಡಕದ ಮೇಲೆ ನೇರಳಾತೀತ ಕಿರಣದಿಂದ ರಕ್ಷಣೆಯ ನಮೂದು ಇರಲಿ. ಬರೀ ಕಪ್ಪುಗಾಜು ಸಾಲದು.

ಬೈಕ್ ಓಡಿಸುವವರಿಗೆ ಗಾಜು ಇಳಿಸಿದ ಪೂರ್ತಿ ಹೆಲ್ಮೆಟ್ ಬೇಕು. ವೈದ್ಯರು ನೋಟ ಪರೀಕ್ಷಿಸಿ ಒಪ್ಪಿದ ಮೇಲೆಯೇ ಗಾಡಿ. ಹಗಲು ಓಡಿಸಲು ಅಡ್ಡಿಯಿಲ್ಲ ಎಂದವರೂ ರಾತ್ರಿಯ ಘಾಟಿ ರಸ್ತೆಯನ್ನು ಕೆಲವು ವಾರ ಮುಂದೂಡಿ.

ತೋಟ, ಗದ್ದೆಯಲ್ಲಿ ದುಡಿಯುವವರ ಬಗ್ಗೆ ಆಸ್ಪತ್ರೆಯ ಚೀಟಿಗಳು ಹೆಚ್ಚಾಗಿ ಏನೂ ಹೇಳುವುದಿಲ್ಲ. ಭತ್ತದ ಗರಿ, ಕಬ್ಬಿನ ರವದಿ, ಜೋಳದ ಎಲೆ ಕಣ್ಣಿಗೆ ತಾಗಿದರೆ ಬರುವ ಶಿಲೀಂಧ್ರದ ಸೋಂಕು ನಮ್ಮ ದೇಶದಲ್ಲಿ ಕಾರ್ನಿಯಾ ಹಾಳಾಗುವ ದೊಡ್ಡ ಕಾರಣಗಳಲ್ಲೊಂದು. ಅದರ ಮೇಲೆ ಸ್ಟೀರಾಯ್ಡ್ ಡ್ರಾಪ್ಸ್ ಬಿದ್ದರೆ ಸೋಂಕು ಇನ್ನಷ್ಟು ಕೆರಳುತ್ತದೆ. ಕೊಯ್ಲಿನ ತಿಂಗಳಲ್ಲಿ ಆಪರೇಷನ್ ಇಟ್ಟುಕೊಳ್ಳಬೇಡಿ. ಹಾಲು ಕರೆಯುವಾಗ ಹಸುವಿನ ಬಾಲದ ಬೀಸಿನಿಂದಲೂ ಪೆಟ್ಟಾಗಬಹುದು, ಒಂದು ತಿಂಗಳು ಆ ಕೆಲಸ ಇನ್ನೊಬ್ಬರಿಗೆ ಬಿಡಿ, ಆಮೇಲೂ ಕಣ್ಣಿಗೆ ರಕ್ಷಣಾ ಕನ್ನಡಕ ಇರಲಿ.

ಎಳೆಮಗುವಿರುವ ಮನೆಯಲ್ಲಿ ಮಗುವಿನ ಬೆರಳೇ ಅಪಾಯ. ಎತ್ತಿಕೊಳ್ಳುವ ಮೊದಲು ಕನ್ನಡಕ ಹಾಕಿಕೊಳ್ಳಿ. ನಡಿಗೆ ಮರುದಿನದಿಂದಲೇ ಸರಿ, ಬೆವರಿಳಿಸುವ ವ್ಯಾಯಾಮ ಒಂದು ವಾರ ಬಿಟ್ಟು. ಈಜು ಒಂದು ತಿಂಗಳ ನಂತರ, ಕಣ್ಣಿಗೆ ಗಾಗಲ್ ಹಾಕಿಕೊಂಡು. ಕಬಡ್ಡಿ, ಕುಸ್ತಿ, ಬಾಕ್ಸಿಂಗ್ ಆಡುವವರು ಆಪರೇಷನ್‌ಗೆ ಮೊದಲೇ ವೈದ್ಯರಿಗೆ ಹೇಳಬೇಕು, ಅಂಥವರಿಗೆ ಫ್ಲ್ಯಾಪ್ ಇಲ್ಲದ ವಿಧಾನವೇ ಮೇಲು.

ಒಣಗಣ್ಣು: ಹೆಚ್ಚು ಜನರ ದೂರು

ಫ್ಲ್ಯಾಪ್ ಬಿಡಿಸುವಾಗ ಕಾರ್ನಿಯಾದ ನರಗಳು ಕತ್ತರಿಸಿಹೋಗುತ್ತವೆ. ಕಣ್ಣು ಒಣಗುತ್ತಿದೆ ಎಂದು ಮಿದುಳಿಗೆ ತಿಳಿಸುವುದೂ, ಅದರಿಂದ ಕಣ್ಣೀರು ಒಸರುವುದೂ, ರೆಪ್ಪೆ ಬಡಿಯುವುದೂ ಈ ನರಗಳ ಮೂಲಕವೇ. ಸುದ್ದಿ ಮುಟ್ಟಿಸುವವರೇ ಇಲ್ಲದಾಗ ಕಣ್ಣೀರು ಕಡಿಮೆಯಾಗುತ್ತದೆ, ರೆಪ್ಪೆ ಬಡಿತವೂ ಇಳಿಯುತ್ತದೆ. ನರಗಳು ಮತ್ತೆ ಚಿಗುರಲು ಆರು ತಿಂಗಳಿಂದ ಒಂದು ವರ್ಷ ಬೇಕು. ಮೊದಲ ಮೂರು ತಿಂಗಳು ಒಣತನ ಹೆಚ್ಚಿದ್ದು, ಆಮೇಲೆ ಬಹುಪಾಲು ಜನರಲ್ಲಿ ಇಳಿಯುತ್ತ ಬರುವುದು ಇದರಿಂದ. ಕೆಲವರಲ್ಲಿ ಅದು ಇನ್ನೂ ದೀರ್ಘವಾಗಿ ಉಳಿಯುತ್ತದೆ ಎಂಬುದನ್ನೂ ಮರೆಮಾಚಬಾರದು.

ಕಣ್ಣೀರಿನ ತೆಳುಪೊರೆಯೇ ಬೆಳಕು ಮೊದಲು ಹಾಯುವ ಮೇಲ್ಮೈ. ಅದು ಒಡೆದರೆ ಎಷ್ಟೇ ಚೆನ್ನಾಗಿ ಲೇಸರ್ ಮಾಡಿದ್ದರೂ ನೋಟ ಮಸುಕಾಗುತ್ತದೆ. ಸಂಜೆಯ ಮಂಜು, ಎರಡು ಕಣ್ಣಿನ ವ್ಯತ್ಯಾಸ, ರೆಪ್ಪೆ ಬಡಿದ ಕೂಡಲೇ ಸ್ವಲ್ಪ ಹೊತ್ತು ತಿಳಿಯಾಗಿ ಮತ್ತೆ ಮಬ್ಬಾಗುವುದು, ಇವೆಲ್ಲ ಹೆಚ್ಚಾಗಿ ಒಣತನದವು. ಒಂದು ಹನಿ ಕೃತಕ ಕಣ್ಣೀರು ಹಾಕಿ ಐದು ನಿಮಿಷ ಬಿಟ್ಟು ನೋಡಿ. ತಿಳಿಯಾದರೆ ನಂಬರ್ ಮರಳಿತೆಂಬ ಭಯ ಸದ್ಯಕ್ಕೆ ಬಿಡಬಹುದು, ಮುಂದಿನ ತಪಾಸಣೆಯಲ್ಲಿ ವೈದ್ಯರಿಗೆ ಹೇಳಿದರಾಯಿತು. ಒಣತನ ತಗ್ಗಿಸಲು ಮಾಡಬೇಕಾದ್ದು ಇಷ್ಟು:

1. ಕೃತಕ ಕಣ್ಣೀರನ್ನು ಉರಿ ಬಂದಾಗ ಅಲ್ಲ, ಉರಿ ಬರುವ ಮೊದಲೇ ಗಂಟೆಯ ಲೆಕ್ಕದಲ್ಲಿ ಹಾಕಿಕೊಳ್ಳಿ. ನರ ಮಂಕಾಗಿರುವ ಕಣ್ಣು ಒಣಗಿರುವುದನ್ನು ತಡವಾಗಿ ಹೇಳುತ್ತದೆ.

2. ದಿನಕ್ಕೆ ನಾಲ್ಕಕ್ಕಿಂತ ಹೆಚ್ಚು ಸಲ ಬೇಕಾಗುವುದಾದರೆ ಸಂರಕ್ಷಕ ಇಲ್ಲದ ಡ್ರಾಪ್ಸ್ ಕೇಳಿ. ಬಾಟಲಿ ಕೆಡದಿರಲು ಬೆರೆಸುವ ಬೆಂಜಾಲ್ಕೋನಿಯಂ ಕ್ಲೋರೈಡ್ ಪದೇಪದೇ ಬಿದ್ದರೆ ಅದೇ ಕಾರ್ನಿಯಾವನ್ನು ಕೆರಳಿಸುತ್ತದೆ. ಸಂರಕ್ಷಕ ಇಲ್ಲದ್ದು ದುಬಾರಿ ನಿಜ. ಆಪರೇಷನ್ ಖರ್ಚು ಲೆಕ್ಕ ಹಾಕುವಾಗಲೇ ಆರು ತಿಂಗಳ ಡ್ರಾಪ್ಸನ್ನೂ ಸೇರಿಸಿಕೊಳ್ಳಬೇಕೆಂದು ನನ್ನ ಅಭಿಪ್ರಾಯ.

3. ಪರದೆ ನೋಡುವಾಗ ರೆಪ್ಪೆ ಬಡಿತ ಅರ್ಧಕ್ಕಿಂತಲೂ ಕೆಳಗಿಳಿಯುತ್ತದೆ. 20 ನಿಮಿಷಕ್ಕೊಮ್ಮೆ 20 ಅಡಿ ದೂರದ ವಸ್ತುವನ್ನು 20 ಸೆಕೆಂಡ್ ನೋಡಿ, ಆ ಹೊತ್ತಿನಲ್ಲಿ ಹತ್ತು ಸಲ ರೆಪ್ಪೆಯನ್ನು ಪೂರ್ತಿ ಮುಚ್ಚಿ ತೆರೆಯಿರಿ. ಅರೆಮುಚ್ಚಿದ ಬಡಿತದಿಂದ ಕೆಳಗಿನ ಭಾಗ ಒದ್ದೆಯಾಗುವುದೇ ಇಲ್ಲ.

4. ಪರದೆ ಕಣ್ಣಿನ ಮಟ್ಟಕ್ಕಿಂತ ತುಸು ಕೆಳಗಿರಲಿ. ಮೇಲೆ ನೋಡುವಾಗ ಕಣ್ಣು ಅಗಲವಾಗಿ ತೆರೆದು ಬೇಗ ಒಣಗುತ್ತದೆ.

5. ಎಸಿಯ ಗಾಳಿ, ಫ್ಯಾನು, ರಾತ್ರಿ ಬಸ್ಸಿನಲ್ಲಿ ತಲೆಯ ಮೇಲಿನ ಕಿಂಡಿ, ಇವು ನೇರ ಮುಖಕ್ಕೆ ಬೀಸದಿರಲಿ. ವಿಮಾನದ ಗಾಳಿ ತೀರಾ ಒಣ, ಹತ್ತುವ ಮೊದಲೊಮ್ಮೆ ನಡುವೆ ಒಮ್ಮೆ ಡ್ರಾಪ್ಸ್.

6. ನೆಗಡಿ, ಅಲರ್ಜಿಗೆ ನುಂಗುವ ಸೆಟಿರಿಜಿನ್ ಥರದ ಮಾತ್ರೆ, ಮೊಡವೆಗೆ ಕೊಡುವ ಐಸೊಟ್ರೆಟಿನಾಯಿನ್ ಕಣ್ಣನ್ನು ಒಣಗಿಸುತ್ತವೆ. ಇವುಗಳಲ್ಲಿ ಯಾವುದಾದರೂ ನಡೆಯುತ್ತಿದ್ದರೆ ಕಣ್ಣಿನ ವೈದ್ಯರಿಗೆ ತಿಳಿಸಿ.

ಇಷ್ಟಾದರೂ ಹಿಡಿತಕ್ಕೆ ಬರದಿದ್ದರೆ ಕಣ್ಣೀರು ಹರಿದುಹೋಗುವ ಕಿಂಡಿಗೆ ಇಡುವ ಸಣ್ಣ ಬಿರಡೆ, ಸೈಕ್ಲೋಸ್ಪೋರಿನ್ ಡ್ರಾಪ್ಸ್ ಮುಂತಾದ ಮುಂದಿನ ಚಿಕಿತ್ಸೆಗಳಿವೆ. ಸಹಿಸಿಕೊಂಡು ಕೂರಬೇಕಾಗಿಲ್ಲ.

ಬೆಳಕಿನ ಬಳೆಯದು ಬೇರೆ ಕಥೆ. ರಾತ್ರಿ ಪಾಪೆ ಹಿಗ್ಗಿದಾಗ ಲೇಸರ್ ಆದ ಭಾಗದ ಅಂಚಿನಿಂದಲೂ ಬೆಳಕು ಒಳಬರುತ್ತದೆ, ಜೊತೆಗೆ ಆರಂಭದ ದಿನಗಳ ಊತ. ಹೆಚ್ಚಿನವರಿಗೆ ಮೂರರಿಂದ ಆರು ತಿಂಗಳಲ್ಲಿ ಕಡಿಮೆಯಾಗುತ್ತದೆ.

ಸಾಮಾನ್ಯವಾಗಿ ಆಗುವ ತಪ್ಪುಗಳು

ಎಲ್ಲಕ್ಕಿಂತ ದೊಡ್ಡದು ಉಜ್ಜುವುದು. ನವೆ ಬಂದರೆ ಫ್ರಿಜ್ಜಿನಲ್ಲಿಟ್ಟ ಕೃತಕ ಕಣ್ಣೀರು ಹಾಕಿಕೊಳ್ಳಿ, ಮುಚ್ಚಿದ ಕಣ್ಣಿನ ಸುತ್ತಲ ಮೂಳೆಯ ಮೇಲೆ ತಣ್ಣನೆ ಬಟ್ಟೆ ಇಡಿ, ಕಣ್ಣಿನ ಮೇಲೆ ಒತ್ತಬೇಡಿ. ಬೆಂಗಳೂರಿನ ಪರಾಗದ ತಿಂಗಳುಗಳಲ್ಲಿ ವರ್ಷವೂ ಕಣ್ಣು ತುರಿಸುವವರು ಅಲರ್ಜಿಗೆ ಬೇರೆಯೇ ಚಿಕಿತ್ಸೆ ಪಡೆಯಲಿ. ಉಜ್ಜುವ ಚಾಳಿ ಫ್ಲ್ಯಾಪ್ ಜರುಗಿಸುವುದಷ್ಟೇ ಅಲ್ಲ, ತೆಳುವಾದ ಕಾರ್ನಿಯಾ ವರ್ಷಗಳ ಮೇಲೆ ಮುಂದಕ್ಕೆ ಉಬ್ಬಲೂ ಕಾರಣವಾಗಬಹುದು. ಅದನ್ನು ತಡೆಯುವ ಚಿಕಿತ್ಸೆ ಇದೆ, ಆದರೆ ಬೇಗ ಪತ್ತೆಯಾಗಬೇಕು.

ಮರಗಟ್ಟಿಸುವ ಡ್ರಾಪ್ಸನ್ನು ಮನೆಗೆ ತರುವುದು ಎರಡನೆಯ ತಪ್ಪು. ಆಪರೇಷನ್ ಟೇಬಲ್ ಮೇಲೆ ಹಾಕಿದ್ದು ಎಷ್ಟು ಹಿತವಾಗಿತ್ತೆಂದು ಪಿಆರ್‌ಕೆ ಆದವರು ಅದನ್ನೇ ಕೊಂಡು ಹಾಕಿಕೊಳ್ಳಲು ಹೊರಡುತ್ತಾರೆ. ಅದು ಮೇಲ್ಪದರ ಬೆಳೆಯುವುದನ್ನೇ ತಡೆಯುತ್ತದೆ, ಪದೇಪದೇ ಬಿದ್ದರೆ ಕಾರ್ನಿಯಾ ಕರಗುವ ಮಟ್ಟಕ್ಕೂ ಹೋಗಬಹುದು.

ಮನೆಮದ್ದು ಮೂರನೆಯದು. ತಂಪಾಗಲಿ ಎಂದು ಪನ್ನೀರು, ಜೇನುತುಪ್ಪ, ಹರಳೆಣ್ಣೆ, ಎದೆಹಾಲು ಬಿಡುವವರಿದ್ದಾರೆ. ಹಿರಿಯರು ಪ್ರೀತಿಯಿಂದಲೇ ಹೇಳುತ್ತಾರೆ. ಆದರೆ ಇವು ಯಾವುವೂ ಸೂಕ್ಷ್ಮಜೀವಿರಹಿತವಲ್ಲ, ಗಾಯವಿರುವ ಕಾರ್ನಿಯಾಕ್ಕೆ ಅಷ್ಟು ಸಾಕು.

ಬ್ಯಾಂಡೇಜ್ ಲೆನ್ಸನ್ನು ತಾವೇ ತೆಗೆಯುವುದು, ಕಳಚಿ ಬಿದ್ದರೆ ತೊಳೆದು ಮತ್ತೆ ಹಾಕಿಕೊಳ್ಳುವುದು ಇನ್ನೊಂದು. ಬಿದ್ದರೆ ಎಸೆದು, ಆಸ್ಪತ್ರೆಗೆ ಫೋನ್ ಮಾಡಿ.

ಮನೆಯಲ್ಲಿ ಕೆಂಗಣ್ಣು ಹರಡಿರುವಾಗ ಒಂದೇ ಟವೆಲ್, ಒಂದೇ ದಿಂಬು ಬಳಸುವುದನ್ನೂ ಈ ಪಟ್ಟಿಗೆ ಸೇರಿಸಬೇಕು. 2023ರ ಮಳೆಗಾಲದಲ್ಲಿ ರಾಜ್ಯದ ತುಂಬ ಮದ್ರಾಸ್ ಐ ಹಬ್ಬಿದ್ದು ನೆನಪಿರಬಹುದು. ಅಂಥ ಹೊತ್ತಿನಲ್ಲಿ ತುರ್ತಿಲ್ಲದ ಈ ಆಪರೇಷನನ್ನು ಮುಂದೂಡುವುದೇ ಸರಿ.

ಕಾಯದೆ ಹೋಗಬೇಕಾದ ಸಂದರ್ಭಗಳು

ಸರಿಯಾದ ದಾರಿಯಲ್ಲಿ ಮಾಗುತ್ತಿರುವ ಕಣ್ಣಿನ ನೋವು ದಿನದಿಂದ ದಿನಕ್ಕೆ ಇಳಿಯುತ್ತದೆ. ಇಳಿದ ನೋವು ಮತ್ತೆ ಏರಿದರೆ ಅದು ಎಚ್ಚರಿಕೆ. ಈ ಕೆಳಗಿನ ಯಾವುದೇ ಒಂದಿದ್ದರೂ ಅದೇ ದಿನ, ರಾತ್ರಿಯಾಗಿದ್ದರೂ ತುರ್ತು ವಿಭಾಗಕ್ಕೆ ಹೋಗಿ:

1. ಹೆಚ್ಚುತ್ತಿರುವ ನೋವು, ಕೆಂಪು, ಬೆಳಕು ನೋಡಲಾಗದಿರುವುದು.
2. ಇದ್ದಕ್ಕಿದ್ದಂತೆ ನೋಟ ಕಡಿಮೆಯಾಗುವುದು, ಡ್ರಾಪ್ಸ್ ಹಾಕಿದರೂ ತಿಳಿಯಾಗದಿರುವುದು.
3. ಹಳದಿ ಅಥವಾ ಹಸಿರು ಗೀಜು, ಕರಿಗುಡ್ಡೆಯ ಮೇಲೆ ಬಿಳಿಚುಕ್ಕೆ.
4. ಕಣ್ಣಿಗೆ ಪೆಟ್ಟು ಬಿದ್ದದ್ದು. ನೋವಿಲ್ಲದಿದ್ದರೂ, ಆಪರೇಷನ್ ಆಗಿ ಎಷ್ಟೇ ವರ್ಷವಾಗಿದ್ದರೂ.
5. ಮಿಂಚು ಹೊಡೆದಂತೆ ಬೆಳಕು, ಒಮ್ಮೆಲೇ ಹೆಚ್ಚಿದ ತೇಲುವ ಕಪ್ಪುಚುಕ್ಕೆಗಳು, ಒಂದು ಬದಿಯಿಂದ ಪರದೆ ಎಳೆದಂತಾಗುವುದು.

ಗಾಬರಿ ಬೇಡದ ಒಂದು ಲಕ್ಷಣವೂ ಇದೆ. ಲ್ಯಾಸಿಕ್ ಆದ ಮರುದಿನ ಬಿಳಿಗುಡ್ಡೆಯ ಮೇಲೆ ರಕ್ತ ಹೆಪ್ಪುಗಟ್ಟಿದಂತೆ ಕೆಂಪು ಮಚ್ಚೆ ಕಾಣಬಹುದು. ಆಪರೇಷನ್ ವೇಳೆ ಕಣ್ಣನ್ನು ಹಿಡಿದಿಟ್ಟ ಉಂಗುರದ ಒತ್ತಡದಿಂದ ಒಡೆದ ಸಣ್ಣ ರಕ್ತನಾಳವದು. ನೋವಿಲ್ಲದಿದ್ದರೆ ಎರಡು ಮೂರು ವಾರದಲ್ಲಿ ತಾನೇ ಮಾಯವಾಗುತ್ತದೆ.

ವರ್ಷಗಳ ನಂತರಕ್ಕೂ ನೆನಪಿಡಬೇಕಾದ್ದು

ಲೇಸರ್ ಬದಲಿಸುವುದು ಕಣ್ಣಿನ ಮುಂಭಾಗವನ್ನು ಮಾತ್ರ. ದೂರದೃಷ್ಟಿ ಮಂಕಾಗಿದ್ದವರ ಕಣ್ಣುಗುಡ್ಡೆ ಉದ್ದವಾಗಿರುತ್ತದೆ, ಹಿಂದಿನ ಅಕ್ಷಿಪಟಲ ಹಿಗ್ಗಿ ತೆಳುವಾಗಿರುತ್ತದೆ. ಕನ್ನಡಕ ಹೋದರೂ ಆ ಉದ್ದ, ಆ ತೆಳು ಹಾಗೇ ಇರುತ್ತವೆ. ಮೈನಸ್ ನಂಬರ್ ದೊಡ್ಡದಿದ್ದವರು ವರ್ಷಕ್ಕೊಮ್ಮೆ ಪಾಪೆ ಹಿಗ್ಗಿಸಿ ಅಕ್ಷಿಪಟಲ ತೋರಿಸಿಕೊಳ್ಳುವುದನ್ನು ಬಿಡಬಾರದು. ಮೇಲಿನ ಪಟ್ಟಿಯ ಐದನೆಯ ಅಂಶ ಇರುವುದು ಇದಕ್ಕಾಗಿಯೇ.

ನಲವತ್ತು ದಾಟಿದ ಮೇಲೆ ಓದಲು ಚಾಳೀಸು ಬೇಕಾಗುತ್ತದೆ. ಅದು ಕಣ್ಣಿನೊಳಗಿನ ಮಸೂರ ಗಡುಸಾಗುವುದರಿಂದ ಬರುವಂಥದ್ದು, ಆಪರೇಷನ್ ಸೋತದ್ದರ ಗುರುತಲ್ಲ.

ಕಾರ್ನಿಯಾ ತೆಳುವಾಗಿರುವುದರಿಂದ ಕಣ್ಣಿನ ಒತ್ತಡ ಅಳೆದಾಗ ನಿಜಕ್ಕಿಂತ ಕಡಿಮೆ ತೋರಿಸುತ್ತದೆ. ಲೇಸರ್ ಆಗಿದೆ ಎಂದು ಹೇಳದಿದ್ದರೆ ದೃಷ್ಟಿನರ ಸವೆಸುವ ಗ್ಲಾಕೋಮಾ ಕಣ್ತಪ್ಪಬಹುದು. ಮುಂದೊಂದು ದಿನ ಕಣ್ಣಿನ ಪೊರೆಯ (ಕ್ಯಾಟರಾಕ್ಟ್) ಆಪರೇಷನ್ ಆಗುವಾಗ ಒಳಗಿಡುವ ಲೆನ್ಸಿನ ಪವರ್ ಲೆಕ್ಕಹಾಕಲು ಕಾರ್ನಿಯಾದ ಮೂಲ ಬಾಗು ಎಷ್ಟಿತ್ತೆಂಬ ಅಳತೆ ನೆರವಾಗುತ್ತದೆ. ಇಪ್ಪತ್ತು ಮೂವತ್ತು ವರ್ಷದ ನಂತರ ಆಸ್ಪತ್ರೆಯಲ್ಲಿ ನಿಮ್ಮ ಕಡತ ಸಿಗುತ್ತದೆಂದು ನಂಬಿ ಕೂರಬೇಡಿ. ಆಪರೇಷನ್‌ಗೆ ಮೊದಲಿನ ನಂಬರ್, ಕೆರಟೋಮೆಟ್ರಿ (ಕಾರ್ನಿಯಾದ ಬಾಗಿನ ಅಳತೆ), ಕಾರ್ನಿಯಾದ ದಪ್ಪ, ಅದರ ಮೇಲ್ಮೈಯ ಟೊಪೋಗ್ರಫಿ ಚಿತ್ರ, ಆಪರೇಷನ್ ಬಗೆ ಮತ್ತು ದಿನಾಂಕ, ಆರು ತಿಂಗಳ ನಂತರದ ನಂಬರ್, ಇಷ್ಟನ್ನೂ ಕೇಳಿ ಪಡೆದು, ಆಸ್ತಿಪತ್ರದ ಜೊತೆ ಒಂದು ಪ್ರತಿ, ಫೋನಿನಲ್ಲಿ ಒಂದು ಪ್ರತಿ ಇಟ್ಟುಕೊಳ್ಳಿ.

ಕೊನೆಯದಾಗಿ, ಲೇಸರ್ ಆದ ಕಣ್ಣನ್ನು ದಾನ ಮಾಡಬಹುದೇ ಎಂದು ಬಹಳ ಜನ ಕೇಳುತ್ತಾರೆ. ನಟ ಡಾ. ರಾಜ್‌ಕುಮಾರ್ ಅವರ ನೇತ್ರದಾನದ ನಂತರ, 2021ರಲ್ಲಿ ಅವರ ಮಗ ಪುನೀತ್ ಅವರ ಕಣ್ಣುಗಳ ದಾನದ ನಂತರ ಈ ನಾಡಿನಲ್ಲಿ ಹೆಸರು ನೋಂದಾಯಿಸಿದವರು ಬಹಳ ಮಂದಿ, ಅವರಲ್ಲಿ ಲ್ಯಾಸಿಕ್ ಆದವರೂ ಇರುತ್ತಾರೆ. ಪುನೀತ್ ಅವರ ಎರಡು ಕಾರ್ನಿಯಾಗಳನ್ನು ಮುಂಪದರ, ಹಿಂಪದರ ಎಂದು ಬೇರ್ಪಡಿಸಿ ನಾಲ್ವರಿಗೆ ಜೋಡಿಸಲಾಗಿತ್ತು. ಲೇಸರ್ ಆದ ಕಾರ್ನಿಯಾದ ಮುಂಭಾಗ ಬದಲಾಗಿರುವುದರಿಂದ ಅದನ್ನು ಇಡಿಯಾಗಿ ಜೋಡಿಸುವುದಿಲ್ಲ, ಹಿಂಪದರ ಆರೋಗ್ಯವಾಗಿದ್ದರೆ ಆ ಪದರ ಮಾತ್ರ ಬೇಕಾದವರಿಗೆ ಉಪಯೋಗಕ್ಕೆ ಬರುತ್ತದೆ. ಆದ್ದರಿಂದ ನೋಂದಣಿ ರದ್ದು ಮಾಡಬೇಡಿ. ಲೇಸರ್ ಆಗಿರುವ ವಿಷಯವನ್ನು ಮನೆಯವರಿಗೆ ತಿಳಿಸಿಡಿ. ನೇತ್ರ ಬ್ಯಾಂಕಿನವರು ಬಂದಾಗ ಅದನ್ನು ಹೇಳಬೇಕಾದವರು ಅವರೇ.